ಗಿರಿಜಮ್ಮನ ಕರಿ ಕೈಗವಸು

ಗುಂಡಿ ಬಿಚ್ಚಲು ಬರಲಿಲ್ಲ. ದಿವಾಕರ ಶವಪೆಟ್ಟಿಗೆಯೊಳಕ್ಕೆ ಬಗ್ಗಿ, ತಾಯಿಯ ಬಲಗೈಯನ್ನು ಎತ್ತಿ ಹಿಡಿದು, ಅದಕ್ಕೆ ತೊಡಿಸಿದ್ದ ಕೈಗವಸಿನ ಮಣಿಕಟ್ಟಿನ ಹತ್ತಿರದ ಗುಂಡಿಯನ್ನು ಹೆಬ್ಬೆರಳಿನಿಂದ ಒತ್ತಿ ಒತ್ತಿ ನೋಡುತ್ತಿದ್ದ. ಮೆಣಸಿನಕಾಳಿನಷ್ಟು ಗುಂಡಿ, ಅದಕ್ಕೆ ತಕ್ಕ ದಾರದ ಕುಣಿಕೆ. ಅಂಥವು ಮಣಿಕಟ್ಟಿನಿಂದ ಮೊಣಕೈವರೆಗೂ ಸಾಲಾಗಿ ಇದ್ದವು. ಶವ ಮುಟ್ಟುವುದಾದರೆ ಹಾಕಿಕೊಳ್ಳಲೇಬೇಕು ಎಂದು ಕೊಟ್ಟಿದ್ದ ನೀಲಿ ರಬ್ಬರಿನ ಕೈಗವಸು ಅವನ ಕೈಯಲ್ಲೂ ಇತ್ತು. ಬೆರಳು ಜಾರಿ ಜಾರಿ ಹೋಗುತ್ತಿತ್ತು.

"ಬಿಡ್ರೀ, ಹರಿದುಹೋಗತ್ತೆ," ಎಂದಳು ಹೆಂಡತಿ ತನುಶ್ರೀ.

"ಹರೀಲಿ. ಇನ್ನೊಂದು ಗಂಟೆಗೆ ಸುಟ್ಟೇ ಹೋಗೋದಲ್ವಾ?"

"ಆ ಕೈ ಆದ್ಮೇಲೆ ಈ ಕೈ. ಅದಾದ್ಮೇಲೆ ಸೊಂಟದ್ದು. ಅದಕ್ಕೆ ಹಿಂದುಗಡೆ ಲಾಡಿ ಕಟ್ಟಿದಾರೆ. ಅತ್ತೇನ ಮಗ್ಗುಲಿಗೆ ಹೊರಳಿಸ್ಬೇಕು. ನಮ್ಮಿಬ್ಬರ ಕೈಲಿ ಆಗತ್ತಾ?"

ದಿವಾಕರ ಕೈ ಬಿಟ್ಟ. ಡಚ್ಚರ ಯುಟ್ರೆಕ್ಟ್ ಊರಿನ ಹೊರಗಿದ್ದ ಆ ಚಿತಾಗಾರದಲ್ಲಿ ಮನೆಯವರಿಗೆಂದು ಕೊಟ್ಟ ಚಿಕ್ಕ ಕೋಣೆ ಅದು. ಒಂದು ಮೇಜು, ಮೇಜಿನ ಮೇಲೆ ಸ್ಯಾನಿಟೈಸರ್, ಒದ್ದೆ ಟಿಶ್ಯೂ ಡಬ್ಬಿ, ಮಾಸ್ಕಿನ ಪೆಟ್ಟಿಗೆ. ಗೋಡೆಯಾಚೆ ಸಭಾಂಗಣ. ಇನ್ನರ್ಧ ಗಂಟೆಗೆ ಶವಪೆಟ್ಟಿಗೆಯನ್ನು ಅಲ್ಲಿಗೆ ತಳ್ಳಿಕೊಂಡು ಹೋಗುತ್ತಾರೆ, ಕ್ಯಾಮೆರಾ ಶುರುವಾಗುತ್ತದೆ, ಮೈಸೂರಿನಲ್ಲಿ ಕೂತ ಅಷ್ಟೂ ಜನ ನೋಡುತ್ತಾರೆ.

ಪೆಟ್ಟಿಗೆಯಲ್ಲಿ ಮಲಗಿದ್ದವರು ಗಿರಿಜಮ್ಮ. ಅರವತ್ತೆಂಟು ವರ್ಷ. ಮೈಸೂರಿನ ಚಾಮುಂಡಿಪುರಂನಲ್ಲಿ ಅರ್ಧ ಬಡಾವಣೆಯ ಹೆಂಗಸರಿಗೆ ರವಿಕೆ ಹೊಲಿದುಕೊಟ್ಟವರು. ಉಟ್ಟಿದ್ದುದು ಮನೆಯವರೇ ಕಳಿಸಿದ ಜೇನು ಬಣ್ಣದ ಮೈಸೂರು ಸಿಲ್ಕ್. ಅದು ಸರಿ. ಆದರೆ ಸೀರೆಯ ಮೇಲೆ ಎದೆಯ ಕೆಳಗಿನಿಂದ ಸೊಂಟದವರೆಗೆ, ಉಕ್ಕಿನ ಕಡ್ಡಿ ಕೂರಿಸಿದ ಕಪ್ಪು ಸ್ಯಾಟಿನ್ನಿನ ನಡುಪಟ್ಟಿ, ಕಾರ್ಸೆಟ್, ಬಿಗಿದಿತ್ತು. ಎರಡು ಕೈಗೂ ಮೊಣಕೈ ಮುಟ್ಟುವ ಕರಿ ಚರ್ಮದ ಕೈಗವಸು. ಕೂದಲನ್ನು ಹಿಂದಕ್ಕೆ ಎತ್ತಿ ಉಬ್ಬಿಸಿ ಕಟ್ಟಿದ್ದರು. ತುಟಿಗೆ ದಾಸವಾಳದ ಕೆಂಪು.

ಗಂಡ ತೀರಿಕೊಂಡ ಮೇಲೆ ಹಣೆಗೆ ಕುಂಕುಮವನ್ನೂ ಇಡದಿದ್ದ ಹೆಂಗಸು. ದಿವಾಕರನಿಗೆ ತಾಯಿಯ ಮುಖ ನೋಡಲು ಭಯವಾಯಿತು. ಅದಕ್ಕಿಂತ ಹೆಚ್ಚಾಗಿ ನಾಚಿಕೆಯಾಯಿತು, ಹಾಗೆ ನಾಚಿಕೆಯಾದದ್ದಕ್ಕೆ ಅಳು ಬಂತು.

ಬಾಗಿಲು ತಟ್ಟಿ ಮಾರ್ಲೂಸ್ ಒಳಗೆ ಇಣುಕಿದಳು. ಅಂತ್ಯಕ್ರಿಯೆಯ ವ್ಯವಸ್ಥೆ ಮಾಡುವವಳು. ಐವತ್ತರ ಆಸುಪಾಸಿನ, ಮೆಲು ದನಿಯ ಹೆಂಗಸು. ಒಂದೂವರೆ ಮೀಟರ್ ದೂರದಲ್ಲೇ ನಿಂತು, ಎಲ್ಲ ಸರಿಯಿದೆಯೇ ಎಂದು ಇಂಗ್ಲಿಷಿನಲ್ಲಿ ಕೇಳಿದಳು.

"ಈ ಬಟ್ಟೆ…" ಎಂದ ದಿವಾಕರ.

ಮಾರ್ಲೂಸಳ ಕಣ್ಣು ಅರಳಿತು. ನೀವು ಬಾಗಿಲಿಗೆ ನೇತುಹಾಕಿದ್ದ ಎರಡು ಚೀಲದಲ್ಲೂ ಇದ್ದುದನ್ನು ಪೂರ್ತಿ ಬಳಸಿದ್ದೇವೆ, ಎಂದಳು. ಫೋಟೋ ಇಟ್ಟಿದ್ದು ಎಷ್ಟು ಒಳ್ಳೆಯದಾಯಿತು! ಸೀರೆ ಉಡಿಸುವುದನ್ನು ನಾನೂ ನನ್ನ ಸಹೋದ್ಯೋಗಿಯೂ ಯೂಟ್ಯೂಬಿನಲ್ಲಿ ನೋಡಿ ಕಲಿತೆವು. ಕೈಗವಸಿಗೇ ಒಂದಿಡೀ ಮಧ್ಯಾಹ್ನ ಹಿಡಿಯಿತು. ತುಟಿಯ ಬಣ್ಣ ಫೋಟೋದಲ್ಲಿದ್ದದ್ದೇ ಬೇಕೆಂದು ಆ ಸಹೋದ್ಯೋಗಿ ಅಂಗಡಿಯಿಂದ ತರಿಸಿದಳು. ನಿಮ್ಮ ತಾಯಿ ರಾಣಿಯ ಹಾಗಿದ್ದಾರೆ.

ಅವಳು ಕೋಟಿನ ಜೇಬಿನಿಂದ ಫೋಟೋ ತೆಗೆದು ಮೇಜಿನ ಅಂಚಿನಲ್ಲಿಟ್ಟಳು. ಅದರಲ್ಲಿ ಗಿರಿಜಮ್ಮ ಇದೇ ವೇಷದಲ್ಲಿ, ಬೇರೊಂದು ಸೀರೆಯುಟ್ಟು, ಕುರ್ಚಿಯ ಬೆನ್ನಿಗೆ ಕೈಯಿಟ್ಟು ನೆಟ್ಟಗೆ ನಿಂತು, ಹಲ್ಲೆಲ್ಲ ಕಾಣುವಂತೆ ನಗುತ್ತಿದ್ದರು.

"ಥ್ಯಾಂಕ್ ಯೂ," ಎಂದುಬಿಟ್ಟ ದಿವಾಕರ. ಬೈಯಬೇಕೆಂದರೆ ಯಾರನ್ನು ಬೈಯುವುದು?

*

ಗಿರಿಜಮ್ಮ ಯುಟ್ರೆಕ್ಟ್ ಪಕ್ಕದ, ಮಗನಿದ್ದ ನ್ಯೂವೆಗೈನ್‌ಗೆ ಬಂದದ್ದು ಹಿಂದಿನ ವರ್ಷದ ಫೆಬ್ರವರಿಯಲ್ಲಿ, ಯುಗಾದಿ ಮುಗಿಸಿಕೊಂಡು ಹೊರಡುವ ಲೆಕ್ಕದಲ್ಲಿ. ಮಾರ್ಚಿನಲ್ಲಿ ವಿಮಾನ ನಿಂತವು. ಬೇಸಿಗೆಯಲ್ಲಿ ಯಾವುದೋ ವಿಶೇಷ ವಿಮಾನ ಹೊರಡುತ್ತದೆ ಎಂದಾಗ, ವಯಸ್ಸಾದವರು ಪ್ಲೇನಿನಲ್ಲೇ ಸೋಂಕು ಹಚ್ಚಿಸಿಕೊಳ್ಳುತ್ತಿದ್ದಾರಂತೆ, ಸ್ವಲ್ಪ ತಡಿ ಅಮ್ಮ, ಎಂದ ಮಗ. ಅವರು ತಡೆದರು. ತಡೆಯುವುದು ಅವರಿಗೆ ಹೊಸದಲ್ಲ.

ಮಗ ಸೊಸೆ ಇಬ್ಬರೂ ಲ್ಯಾಪ್‌ಟಾಪಿನ ಮುಂದೆ. ಮೀಟಿಂಗ್ ನಡೆಯುವಾಗ ಕುಕ್ಕರ್ ಕೂಗುವ ಹಾಗಿಲ್ಲ, ಟಿವಿ ಹಾಕುವ ಹಾಗಿಲ್ಲ. ಗಿರಿಜಮ್ಮ ಮನೆಯ ಪರದೆಗಳನ್ನೆಲ್ಲ ಬಿಚ್ಚಿ ಮತ್ತೆ ಹೊಲಿದರು. ಅದಾದ ಮೇಲೆ ಮಗನ ಪ್ಯಾಂಟುಗಳನ್ನು ಬಿಚ್ಚಿ ಹೊಲಿಯಹೊರಟರು. ಆಗ ತನುಶ್ರೀಯೇ ಅವರನ್ನು ಪಕ್ಕದ ಮನೆಗೆ ಪರಿಚಯ ಮಾಡಿಸಿದಳು.

ಪಕ್ಕದ ಮನೆಯಲ್ಲಿದ್ದವಳು ತ್ರೂಸ್. ಎಂಬತ್ತಾರು ವರ್ಷದ ಒಂಟಿ ಮುದುಕಿ. ಗಿರಿಜಮ್ಮನ ಬಾಯಲ್ಲಿ ಮಾರನೇ ದಿನಕ್ಕೇ ತ್ರೂಸಮ್ಮ ಆದಳು. ಅವಳಿಗೂ ಹೊಲಿಗೆಯೇ ಕಸುಬು. ಗಂಟು ಕಟ್ಟಿದ ಬೆರಳಿನಿಂದಾಗಿ ಈಗ ಸೂಜಿ ಹಿಡಿಯಲಾರಳು.

ಒಳಗೆ ಹೋಗುವ ಹಾಗಿರಲಿಲ್ಲವಾದ್ದರಿಂದ ವ್ಯವಹಾರವೆಲ್ಲ ಬಾಗಿಲ ಹಿಡಿಯಲ್ಲಿ. ತ್ರೂಸ್ ಬಟ್ಟೆ ಚೀಲದಲ್ಲಿ ಹರಿದ ದಿಂಬಿನ ಕವರೋ ಸ್ವೆಟರೋ ಹಾಕಿ ಇವರ ಬಾಗಿಲ ಹಿಡಿಗೆ ನೇತುಹಾಕಿ, ಬೆಲ್ ಒತ್ತಿ, ತನ್ನ ಬಾಗಿಲಿಗೆ ಸರಿಯುವಳು. ಗಿರಿಜಮ್ಮ ಹೊಲಿದು, ಅದೇ ಚೀಲದಲ್ಲಿಟ್ಟು, ಅವಳ ಬಾಗಿಲಿಗೆ ನೇತುಹಾಕುವರು. ಖಾಲಿ ಪಾತ್ರೆ ವಾಪಸು ಕೊಡುವ ಮನೆತನವೇ ಅಲ್ಲವಲ್ಲ. ಬಟ್ಟೆಯ ಜೊತೆ ನಾಲ್ಕು ಕೋಡುಬಳೆ, ಒಂದು ಹಿಡಿ ಹುರಿದ ಅವಲಕ್ಕಿ. ಆ ಕಡೆಯಿಂದ ಸೇಬಿನ ಕೇಕು. ಮೊಟ್ಟೆ ಇದೆಯೋ ಏನೋ ಎಂದು ಗಿರಿಜಮ್ಮ ಅದನ್ನು ಮಗನಿಗೆ ತಿನ್ನಿಸುವರು.

ಜನವರಿಯಲ್ಲಿ ಇಡೀ ಮನೆಗೆ ಜ್ವರ ಬಂತು. ಮಗ ಸೊಸೆ ಎದ್ದರು. ಗಿರಿಜಮ್ಮನನ್ನು ಆಸ್ಪತ್ರೆಗೆ ಒಯ್ದರು. ಅಲ್ಲಿಂದ ಅವರು ಬರಲಿಲ್ಲ. ಉಡಿಸುವ ಬಟ್ಟೆಗೆಂದು ಮಾರ್ಲೂಸ್ ಫೋನು ಮಾಡಿದಾಗ ದಿವಾಕರನಿಗೆ ಮನೆಯಿಂದ ಹೊರಗೆ ಕಾಲಿಡುವ ಅನುಮತಿ ಇನ್ನೂ ಇರಲಿಲ್ಲ. "ಬಾಗಿಲಿಗೆ ನೇತುಹಾಕಿರ್ತೀವಿ, ತಗೊಂಡ್ಹೋಗಿ," ಎಂದ. ತನುಶ್ರೀ ಸೀರೆಯ ಚೀಲವನ್ನು ಬಾಗಿಲು ಒಂದಿಷ್ಟೇ ತೆರೆದು, ನೋಡದೆಯೇ, ಹೊರಗಿನ ಹಿಡಿಗೆ ಸಿಕ್ಕಿಸಿ ಮುಚ್ಚಿದಳು. ಅಲ್ಲಿ ಆಗಲೇ ಇನ್ನೊಂದು ಚೀಲವಿತ್ತು. ಗೆಳತಿ ಆಸ್ಪತ್ರೆಯಿಂದ ಬಂದಾಗ ಸಿಗಲಿ ಎಂದು ಹಿಂದಿನ ಸಂಜೆ ತ್ರೂಸ್ ತಂದು ಹಾಕಿದ್ದ ಉಡುಗೊರೆ.

*

ಮೇಜಿನ ಮೇಲಿದ್ದ ಫೋನು ಗುರುಗುಟ್ಟಿತು. ಮೈಸೂರಿನಿಂದ ಅಕ್ಕ ವತ್ಸಲಾ.

"ದಿವೂ, ಎಷ್ಟ್ ಹೊತ್ತೋ ಇನ್ನೂ? ಮೊಬೈಲ್ ಹಿಡ್ಕೊಂಡು ಕೂತಿದೀನಿ."

"ಇನ್ನೊಂದ್ ಇಪ್ಪತ್ತು ನಿಮಿಷ ಅಕ್ಕ."

"ಮುಖ ತೋರಿಸ್ತೀಯ ತಾನೆ? ನೀನು ಮಾತು ಕೊಟ್ಟಿದೀಯ. ನಾನು ಬೆಳಿಗ್ಗೆಯಿಂದ ಬಾಯಿಗೆ ತೊಟ್ಟು ನೀರೂ ಹಾಕಿಲ್ಲ ಕಣೋ. ಅಮ್ಮನ ಮುಖ ನೋಡೇ ಕುಡಿಯೋದು."

"ನಿನಗೆ ಶುಗರ್ ಇದೆ ಅಕ್ಕ, ಹುಚ್ಚಾಟ ಆಡಬೇಡ. ಒಂದು ಬಿಸ್ಕತ್ತಾದ್ರೂ…"

"ಸೇರಲ್ಲ ಕಣೋ. ವರ್ಷ ಆಯ್ತು ನೋಡಿ. ಏರ್‌ಪೋರ್ಟಲ್ಲಿ ಆ ಗಾಜಿನ ಹಿಂದ್ಗಡೆಯಿಂದ ಕೈ ಬೀಸಿದ್ಲಲ್ಲ, ಅಷ್ಟೇ. ಹೆತ್ತೋಳನ್ನ ಹೀಗೆ ಫೋನಲ್ಲಿ ಕಳಿಸ್ಕೊಡೋ ಹಣೆಬರಹ ಯಾವ ಶತ್ರುಗೂ ಬೇಡಪ್ಪ." ಅವಳು ಬಿಕ್ಕಿದಳು. ಹಿಂದಿನಿಂದ ಒಂದು ಗಡಸು ದನಿ ಫೋನು ಕಸಿದುಕೊಂಡಿತು.

"ಏನೋ ದಿವಾಕರ, ನಾನು ಮಾವ." ಗಿರಿಜಮ್ಮನ ಅಣ್ಣ ನಂಜುಂಡಸ್ವಾಮಿ. ಎಂಬತ್ತು ದಾಟಿದರೂ ಗಂಟಲು ಕುಗ್ಗಿರಲಿಲ್ಲ. "ನಮ್ಮನೇಲಿ ದೊಡ್ಡ ಟಿವಿಗೆ ಕನೆಕ್ಟ್ ಮಾಡಿದಾರೆ. ಕೇರಿಯೋರೆಲ್ಲಾ ಬಂದಿದಾರೆ. ವಿಭೂತಿ ಇಟ್ಟಿದೀರಾ ಹಣೆಗೆ?"

"ಇಡ್ತೀವಿ ಮಾವ."

"ನಮ್ಮ ಗಿರಿಜೆ ಅಂದ್ರೆ ನಮ್ಮೂರಿಗೆ ಒಂದು ಮಾತಿತ್ತು ಕಣಯ್ಯ. ಗಂಡ ಹೋದ್ಮೇಲೆ ಒಂದಿನ ತಲೆ ಎತ್ತಿ ನಡೀಲಿಲ್ಲ ಪುಣ್ಯಾತ್ಗಿತ್ತಿ. ಎಲ್ಲಾರೂ ನೋಡ್ಲಿ."

ದಿವಾಕರ ಫೋನಿಟ್ಟ. ಮಾವನ ಬಾಯಿ ಅವನಿಗೆ ಗೊತ್ತಿಲ್ಲದ್ದಲ್ಲ. ಅಪ್ಪ ಸತ್ತು ಮೂರು ವರ್ಷವಾದ ಮೇಲೆ ಅಮ್ಮ ಯಾವುದೋ ಮದುವೆಗೆ ಗಿಳಿಹಸಿರು ಸೀರೆ ಉಟ್ಟು ಹೋಗಿದ್ದಳು. ಊಟದ ಪಂಕ್ತಿಯಲ್ಲಿ, ಎಲ್ಲರಿಗೂ ಕೇಳುವಂತೆ, "ಇವಳಿಗೆ ಈ ವಯಸ್ಸಲ್ಲಿ ಯಾರು ನೋಡ್ಲಿ ಅಂತ ಈ ಶೋಕಿ?" ಎಂದಿದ್ದ ಇದೇ ಮಾವ. ಅಮ್ಮ ಪಾಯಸಕ್ಕೂ ಕಾಯದೆ ಎದ್ದು ಬಂದಿದ್ದಳು. ಆ ಸೀರೆಯನ್ನು ಅಕ್ಕನಿಗೆ ಕೊಟ್ಟುಬಿಟ್ಟಳು. ಇವತ್ತು ಈ ತುಟಿಯನ್ನು ಆ ದೊಡ್ಡ ಟಿವಿಯಲ್ಲಿ ತೋರಿಸಿದರೆ ಆ ಮಾತು ಅವಳು ಬೂದಿಯಾದ ಮೇಲೂ ನಿಲ್ಲುವುದಿಲ್ಲ. ತೋರಿಸದಿದ್ದರೆ ಅಕ್ಕ ನೀರು ಕುಡಿಯುವುದಿಲ್ಲ.

ಅವನು ಫೋಟೋ ಎತ್ತಿಕೊಂಡ. "ಇದನ್ನ ತೆಗೆದಿದ್ದು ಯಾರು?"

ತನುಶ್ರೀ ಅವನ ಕೈಯಿಂದ ಫೋಟೋ ತೆಗೆದುಕೊಂಡಳು. ಆಮೇಲೆ, "ನಾನೇ," ಎಂದಳು.

*

ಅದು ಸೆಪ್ಟೆಂಬರಿನ ಮಾತು. ಕಾಯಿಲೆ ಸ್ವಲ್ಪ ತಗ್ಗಿ, ಒಬ್ಬರ ಮನೆಗೊಬ್ಬರು ಹೋಗಬಹುದು ಎಂದಾಗಿತ್ತು. ಯುಟ್ರೆಕ್ಟಿನ ಒಂದು ಚಿಕ್ಕ ಮ್ಯೂಸಿಯಂನವರು ಪ್ರದರ್ಶನ ಇಡುತ್ತಾರೆಂದೂ ಅದಕ್ಕೆ ತನ್ನ ಹಳೇ ಕೈಗವಸು, ಕಾರ್ಸೆಟ್ ರಿಪೇರಿಯಾಗಬೇಕೆಂದೂ ತ್ರೂಸ್ ಹೇಳಿದ್ದಳು. ಊಟದ ಬಿಡುವಿನಲ್ಲಿ ತನುಶ್ರೀ ದುಭಾಷಿಯಾಗಿ ಜೊತೆಗೆ ಹೋದಳು. ಡಚ್ಚು ಬರುತ್ತಿದ್ದುದು ಮನೆಯಲ್ಲಿ ಅವಳೊಬ್ಬಳಿಗೇ.

ತ್ರೂಸ್ ಮಂಚದ ಕೆಳಗಿನಿಂದ ಒಂದು ಸೂಟ್‌ಕೇಸ್ ಎಳೆದಳು. ತುಂಬ ಪತ್ರಿಕೆಗಳು. ಅಂಗೈಗಿಂತ ಕೊಂಚ ದೊಡ್ಡವು, ಹಳದಿ ಹಿಡಿದ ಕಾಗದ. ಹೆಸರು 'ದೆ ಗೆಸ್ಪ್'. ಅಂದರೆ ಬಕಲು. ಒಳಗೆ ಸೊಂಟ ಬಿಗಿದ ಹೆಂಗಸರು, ಗೇಣುದ್ದ ಹಿಮ್ಮಡಿಯ ಬೂಟು, ಭುಜದವರೆಗೆ ಕೈಗವಸು, ಗಲ್ಲದವರೆಗೆ ಗುಂಡಿ ಹಾಕಿದ ರಬ್ಬರಿನ ಮಳೆಕೋಟು.

ಅವಳ ಗಂಡ ಹೆಂಕ್ ಹಗಲು ಚರ್ಚಿನ ಪತ್ರಿಕೆ, ಮದುವೆಯ ಕರೆಯೋಲೆ ಮುದ್ರಿಸುತ್ತಿದ್ದನಂತೆ. ಸಂಜೆ ಶಟರ್ ಎಳೆದ ಮೇಲೆ ಇದು. ಲಂಡನ್, ನ್ಯೂಯಾರ್ಕ್ ಕಡೆಯಿಂದಲೂ ಇಂಥವು ಕಂದು ಲಕೋಟೆಯಲ್ಲಿ ಕದ್ದು ಬರುತ್ತಿದ್ದವು. ಅವರ ಚಿತ್ರ ಇವರು, ಇವರ ಚಿತ್ರ ಅವರು ನಕಲು ಮಾಡಿಕೊಳ್ಳುತ್ತಿದ್ದರು. ಅಂಗಡಿಯವರು ಗಲ್ಲಾಪೆಟ್ಟಿಗೆಯ ಕೆಳಗಿಟ್ಟು ಮಾರುವರು. ಕೊಳ್ಳುವವರು ಹೆಡ್‌ಮಾಸ್ತರರು, ತೆರಿಗೆ ಕಚೇರಿಯವರು, ಒಬ್ಬ ಪಾದ್ರಿಯ ಹೆಂಡತಿ. ಪುಟಗಟ್ಟಲೆ ಕಾಗದ ಬರೆಯುವರು, ಊರಿನ ಹೆಸರು ಹಾಕಬೇಡಿ ಎಂದು ಕೇಳಿಕೊಳ್ಳುವರು. ಬಟ್ಟೆ ಹೊಲಿದದ್ದು ತ್ರೂಸ್. ಬಹುಪಾಲು ಚಿತ್ರಗಳಲ್ಲಿ ಹಾಕಿಕೊಂಡು ನಿಂತದ್ದೂ ಅವಳೇ.

"ಒಂದು ದಿನ ಪೊಲೀಸರು ಬಂದ್ರಂತೆ," ಎಂದಳು ತನುಶ್ರೀ. "ಎಲ್ಲಾ ಎತ್ಕೊಂಡು ಹೋಗಿ, ಗಂಡನ್ನ ಒಳಗೆ ಹಾಕಿದ್ರಂತೆ. ಅಶ್ಲೀಲ ಅಂತ."

ಗಿರಿಜಮ್ಮ ಕನ್ನಡಕ ಏರಿಸಿ ಪುಟ ತಿರುವಿ ನೋಡಿದರು. ಮತ್ತೆ ಹಿಂದಕ್ಕೆ ತಿರುವಿದರು. "ಎಲ್ಲೇ ಅಶ್ಲೀಲ? ಕತ್ತಿಂದ ಕಾಲ್ತನಕ ಮುಚ್ಕೊಂಡಿದಾಳಲ್ಲೇ! ನಮ್ಮ ಮದುವೆ ಹೆಣ್ಣೂ ಇಷ್ಟು ಮುಚ್ಕೊಂಡಿರಲ್ಲ. ಮುಚ್ಕೊಂಡಿದ್ದಕ್ಕೂ ಪೊಲೀಸ್ ಬರ್ತಾರಾ ಈ ಊರಲ್ಲಿ?"

ತ್ರೂಸ್ ಅದನ್ನು ಕೇಳಿ ಕೆಮ್ಮು ಬರುವಷ್ಟು ನಕ್ಕಳು. ಆಮೇಲೆ ಎಲ್ಲರೂ ಬಟ್ಟೆ ಬಿಚ್ಚುವ ಕಾಲ ಬಂತು, ಬಟ್ಟೆ ಹಾಕಿಕೊಳ್ಳುವ ಪತ್ರಿಕೆಯನ್ನು ಯಾರೂ ಕೇಳಲಿಲ್ಲ, ನಿಂತುಹೋಯಿತು, ಎಂದಳು. ಈಗ ಪ್ಯಾರಿಸ್ಸಿನ ಫ್ಯಾಷನ್ ಷೋದಲ್ಲಿ ಅದೇ ಬೂಟು, ಅದೇ ಬಕಲು. ಕಾಲೇಜಿನ ಹುಡುಗಿಯರು ಬಂದು ಅವಳನ್ನು ಸಂದರ್ಶನ ಮಾಡುತ್ತಾರೆ. ಹೆಂಕ್ ಸತ್ತಾಗ ಚರ್ಚಿನೊಳಕ್ಕೆ ಬಂದವರು ನಾಲ್ಕೇ ಜನ. ರಸ್ತೆಯ ಆಚೆ ಬದಿಯಲ್ಲಿ ಮಾತ್ರ ಯಾರೋ ಗುರುತಿಲ್ಲದ ಗಂಡಸರು, ಒಬ್ಬರಿಗೊಬ್ಬರು ಮಾತಾಡದೆ, ಟೋಪಿ ತೆಗೆದು ನಿಂತಿದ್ದರು. ಆ ಓದುಗರೂ ಸತ್ತ ಮೇಲೆ ಅವರ ಮನೆಯವರು ಪತ್ರಿಕೆಗಳನ್ನೆಲ್ಲ ಸುಟ್ಟಿರುತ್ತಾರೆ ಎಂದು ತ್ರೂಸ್ ಅಂದಾಗ ಗಿರಿಜಮ್ಮ ಕೈಲಿದ್ದ ಪತ್ರಿಕೆಯ ಮಡಿಚಿದ ಮೂಲೆಯನ್ನು ನೀವಿ ಸರಿಮಾಡಿದರು.

ಕೈಗವಸಿನ ಬೆರಳ ಸಂದಿಯ ಹೊಲಿಗೆ ಬಿಟ್ಟಿತ್ತು. ವಾರವಿಡೀ ಕೂತು ಗಿರಿಜಮ್ಮ ಅದನ್ನು ಮತ್ತೆ ಹೊಲಿದರು. ಹೊಲಿದದ್ದನ್ನು ಟ್ರಯಲ್ ನೋಡದೆ ಕೊಟ್ಟು ಅಭ್ಯಾಸವಿಲ್ಲ. ತ್ರೂಸಮ್ಮನ ಗಂಟು ಬೆರಳು ಅದರೊಳಗೆ ಹೋಗಲೊಲ್ಲದು. "ಕೊಡಿಲ್ಲಿ, ನಾನೇ ಹಾಕ್ನೋಡ್ತೀನಿ," ಎಂದರು. ಕೈ ಆಯಿತು. ಕಾರ್ಸೆಟ್ಟೂ ಟ್ರಯಲ್ ಆಗಬೇಕಲ್ಲ ಎಂದು ತ್ರೂಸ್ ಹಿಂದೆ ನಿಂತು ತನುಶ್ರೀಯ ಕೈಯಲ್ಲಿ ಲಾಡಿ ಎಳೆಸಿದಳು. ಅದೇ ಉಮೇದಿನಲ್ಲಿ ಕೂದಲು ಎತ್ತಿ ಕಟ್ಟಿ, ತುಟಿಗೂ ಬಣ್ಣ ಹಚ್ಚಿದಳು.

ಗಿರಿಜಮ್ಮ ನಿಲುವುಗನ್ನಡಿಯ ಮುಂದೆ ನಿಂತರು. ಮೊದಲು ಬಾಯಿ ಮುಚ್ಚಿಕೊಂಡರು. ಆಮೇಲೆ ಅವರ ಮುಖದಲ್ಲಿ ಏನೋ ಬದಲಾಯಿತು.

"ಅಯ್ಯೋ ತನೂ, ಬೆನ್ನು ನೆಟ್ಟಗಾಯ್ತಲ್ಲೇ! ಮಿಷನ್ನಿಗೆ ಬಗ್ಗೀ ಬಗ್ಗೀ ಸತ್ತೇಹೋಗಿತ್ತು ಕಣೇ ಈ ಬೆನ್ನು. ನೋವೇ ಇಲ್ಲ!" ಎಂದು ನಗತೊಡಗಿದರು. ಫೋಟೋ ತೆಗೆದದ್ದು ಆಗ. ಅದರ ಒಂದು ಪ್ರತಿಯನ್ನು ತ್ರೂಸ್ ಕೇಳಿ ಇಟ್ಟುಕೊಂಡಳು.

ಮನೆಗೆ ಬರುವಾಗ ಮೆಟ್ಟಿಲ ಮೇಲೆ ಸೊಸೆಯ ಕೈ ಹಿಡಿದುಕೊಂಡರು. "ದಿವಾಕರನಿಗೆ ಹೇಳ್ಬೇಡಮ್ಮ."

"ಬೈತಾರೆ ಅಂತಲಾ ಅತ್ತೆ?"

"ಬೈಯಲ್ಲ. ನಗ್ತಾನೆ."

*

"ನಾನ್ಯಾಕೆ ನಗ್ತಿದ್ದೆ?" ಎಂದ ದಿವಾಕರ.

ಬಾಗಿಲು ತೆರೆದು ಗೆಳೆಯ ಪೃಥ್ವಿ ತಲೆ ಹಾಕಿದ. ಸಭಾಂಗಣದಲ್ಲಿ ಲ್ಯಾಪ್‌ಟಾಪ್, ಪರದೆ, ಎಲ್ಲವನ್ನೂ ನೋಡಿಕೊಳ್ಳುತ್ತಿದ್ದವನು ಅವನೇ. "ದಿವಾಕರಣ್ಣ, ವೂರ್‌ಬರ್ಗ್‌ನಿಂದ ತ್ಯಾಗರಾಜ ಶಾಸ್ತ್ರಿಗಳು ಆನ್‌ಲೈನ್ ಬಂದ್ರು. ಮೈಸೂರಿನವ್ರೆಲ್ಲಾ ಜಾಯಿನ್ ಆಗಿದಾರೆ. ಮುಂದಿನ ಸ್ಲಾಟ್‌ನವರ ಕಾರು ಆಗ್ಲೇ ಗೇಟಲ್ಲಿದೆ. ಲೇಟಾದ್ರೆ ಕಟ್ ಮಾಡ್ತಾರಂತೆ."

ಅವನ ಹಿಂದೆ ತ್ರೂಸ್ ಊರುಗೋಲಿನೊಂದಿಗೆ ನಿಂತಿದ್ದಳು. ಕರಿ ಕೋಟು, ಬಿಳಿ ಮಾಸ್ಕು. "ಹೆಕಾಂಡೊಲೇರ್ಟ್," ಎಂದು ಸಾವಿಗೆ ಹೇಳುವ ಮಾತನ್ನು ಅಷ್ಟು ದೂರದಿಂದಲೇ ಹೇಳಿ, ಪೆಟ್ಟಿಗೆಯತ್ತ ಕಣ್ಣು ಹಾಯಿಸಿದಳು. ಹಾಗೇ ನಿಂತುಬಿಟ್ಟಳು. ಆಮೇಲೆ ಬಹಳ ಹೊತ್ತು ಡಚ್ಚಿನಲ್ಲಿ ಏನೋ ಹೇಳಿದಳು.

"ಏನಂತೆ?" ಎಂದ ದಿವಾಕರ.

"ಅದು ಅತ್ತೆಗೇ ಕೊಟ್ಟಿದ್ದು, ಸುಡಲಿ ಅಂತಿದಾರೆ. ಮ್ಯೂಸಿಯಂನವರಿಗೆ ತಾನು ಸಮಾಧಾನ ಹೇಳ್ತೀನಿ ಅಂತ. ಇಷ್ಟು ಚಂದ ಯಾರೂ ಹಾಕ್ಕೊಂಡಿರ್ಲಿಲ್ಲವಂತೆ ಅದನ್ನ." ತನುಶ್ರೀ ಗಂಡನ ತೋಳು ಹಿಡಿದಳು. "ರೀ, ನಾನೊಂದು ಹೇಳ್ಲಾ? ಹಾಗೇ ಇರ್ಲಿ. ಅತ್ತೆ ಚೆನ್ನಾಗೇ ಕಾಣ್ತಿದಾರೆ. ನೋಡೋರು ನೋಡ್ಲಿ."

"ನಿನಗೇನು ಗೊತ್ತು ನಮ್ಮ ಮಾವನ ವಿಷ್ಯ! ನಾಳೆ ಮಾತಾಡೋರು ಅವಳ ಬಗ್ಗೆ ಮಾತಾಡ್ತಾರೆ. ನಿನ್ ಬಗ್ಗೆ, ನನ್ ಬಗ್ಗೆ ಅಲ್ಲ. ಉತ್ತರ ಕೊಡೋಕೆ ಅವಳಿರಲ್ಲ."

ಅವನು ತಂದಿದ್ದ ಬಿಳಿ ಪಂಚೆಯನ್ನು ಕೊಡವಿ, ಕೈಗವಸೂ ಕಾರ್ಸೆಟ್ಟೂ ಕಾಣದಂತೆ ತಾಯಿಯ ಕತ್ತಿನವರೆಗೆ ಹೊದಿಸಿದ. ಉಬ್ಬಿಸಿದ ಕೂದಲನ್ನು ಅಂಗೈಯಿಂದ ಒತ್ತಿ ಒತ್ತಿ ತಗ್ಗಿಸಿದ. ಹಣೆಗೆ ವಿಭೂತಿ ಇಟ್ಟ. ಇಷ್ಟೂ ಆಯಿತು. ಉಳಿದದ್ದು ತುಟಿ. ಮೇಜಿನ ಡಬ್ಬಿಯಿಂದ ಒಂದು ಒದ್ದೆ ಟಿಶ್ಯೂ ಎಳೆದು, ಒರೆಸಿದ.

ಬಣ್ಣ ಹೋಗಲಿಲ್ಲ, ಹರಡಿತು. ಇನ್ನೊಂದು ಟಿಶ್ಯೂ ತೆಗೆದ. ಇನ್ನೊಂದು. ಅದು ಮೇಜು ಕುರ್ಚಿ ಒರೆಸುವ ಸ್ಪಿರಿಟ್ಟಿನ ಟಿಶ್ಯೂ. ತುಟಿಯ ಕೆಂಪಿನ ಜೊತೆಗೆ ಗಲ್ಲದ ಪೌಡರೂ, ಕೆನ್ನೆಗೆ ಬಳಿದ ಮೈಬಣ್ಣವೂ ಚಕ್ಕೆ ಚಕ್ಕೆಯಾಗಿ ಎದ್ದು ಬಂತು. ಕೆಳಗಿದ್ದುದು ಅವನ ತಾಯಿಯ ಮುಖವಾಗಿರಲಿಲ್ಲ. ತುಟಿ ನೇರಳೆ ಹಣ್ಣು ತಿಂದವರ ಹಾಗೆ ಕಪ್ಪಿಟ್ಟಿತ್ತು. ಬಾಯ ಮೂಲೆಯಲ್ಲಿ ಆಸ್ಪತ್ರೆಯ ಕೊಳವೆ ಒತ್ತಿ ಹುಣ್ಣಾದ ಗುರುತು. ಅದರ ಸುತ್ತ, ಗಲ್ಲದ ತುಂಬ, ಎಲೆ ಅಡಿಕೆ ಉಗುಳಿದಂತೆ ಕೆಂಪು ರಾಡಿ.

"ಅಯ್ಯೋ, ಏನ್ ಮಾಡಿಬಿಟ್ರಿ…" ಎಂದಳು ತನುಶ್ರೀ.

ಮಾರ್ಲೂಸ್ ಅದನ್ನೆಲ್ಲ ಯಾಕೆ ಹಚ್ಚಿದ್ದಳೆಂದು ದಿವಾಕರನಿಗೆ ಈಗ ತಿಳಿಯಿತು. ತಿಳಿದು ಮಾಡುವುದೇನು? "ನಿನ್ನ ಹತ್ರ ಇದೆಯಾ? ಲಿಪ್‌ಸ್ಟಿಕ್ಕು, ಪೌಡರು, ಏನಾದ್ರೂ? ಮತ್ತೆ ಹಚ್ಚು, ಬೇಗ ಹಚ್ಚು!"

"ಮಾಸ್ಕ್ ಬಂದ್ಮೇಲೆ ಯಾರ್ರೀ ಇಟ್ಕೋತಾರೆ ಲಿಪ್‌ಸ್ಟಿಕ್ಕು?" ಎನ್ನುತ್ತಲೇ ಅವಳು ವ್ಯಾನಿಟಿ ಬ್ಯಾಗನ್ನು ಮೇಜಿನ ಮೇಲೆ ಸುರಿದಳು. ತ್ರೂಸ್ ತನ್ನ ಕೈಚೀಲ ತಡಕಿದಳು. ಕರ್ಚೀಫು, ಪೆಪ್ಪರ್‌ಮಿಂಟು, ಬಸ್ಸಿನ ಕಾರ್ಡು. ಮಾರ್ಲೂಸ್ ಓಡಿ ಬಂದಳು, ನೋಡಿದಳು, ಕೈಯಿಂದ ಬಾಯಿ ಮುಚ್ಚಿಕೊಂಡಳು. ಅಲಂಕಾರ ಮಾಡಿದವಳು ತನ್ನ ಬಣ್ಣದ ಡಬ್ಬಿಯ ಸಮೇತ ಬೇರೆ ಊರಿಗೆ ಹೋಗಿದ್ದಾಳೆ, ಎಂದಳು. ಶವಪೆಟ್ಟಿಗೆ ತೆರೆದಿಡುವುದೋ, ಮುಚ್ಚುವುದೋ? ಈಗಲೇ ಹೇಳಬೇಕು.

ಗೋಡೆಯಾಚೆಯಿಂದ ಸ್ಪೀಕರಿನಲ್ಲಿ ಅಕ್ಕನ ದನಿ ಕೇಳಿಸಿತು. "ಹಲೋ? ಪೃಥ್ವಿ? ಇನ್ನೂ ಖಾಲಿ ಕುರ್ಚಿನೇ ಕಾಣ್ತಿದೆಯಲ್ಲಪ್ಪ. ಅಮ್ಮನ್ನ ಕರ್ಕೊಂಡು ಬಂದ್ರಾ?"

ದಿವಾಕರ ಮೇಜಿನ ಕಡೆ ತಿರುಗಿದ. ಮಾಸ್ಕಿನ ಪೆಟ್ಟಿಗೆಯಿಂದ ಒಂದನ್ನು ಎಳೆದುಕೊಂಡ.

"ಬೇಡ," ಎಂದಳು ತನುಶ್ರೀ. "ರೀ, ಬೇಡ."

ಅವನು ತಾಯಿಯ ಒಂದು ಕಿವಿಗೆ ಸಿಕ್ಕಿಸಿದ. ಇನ್ನೊಂದು ಕಿವಿಗೆ ಸಿಕ್ಕಿಸಿದ. ಗಲ್ಲದ ರಾಡಿ ಕಾಣದಂತೆ ಕೆಳಕ್ಕೆ ಎಳೆದ. "ತೆರೆದೇ ಇರಲಿ," ಎಂದು ಮಾರ್ಲೂಸಳಿಗೆ ಹೇಳಿದ.

ಸಭಾಂಗಣದಲ್ಲಿ ದೂರ ದೂರ ಹಾಕಿದ ಕುರ್ಚಿಗಳಲ್ಲಿ ಏಳೆಂಟು ಮಂದಿ ಎದ್ದು ನಿಂತರು. ಎದುರಿನ ಗೋಡೆಯ ಪರದೆಯ ಮೇಲೆ ಚೌಕ ಚೌಕವಾಗಿ ಮೈಸೂರು. ಪೃಥ್ವಿ ಕ್ಯಾಮೆರಾವನ್ನು ಹತ್ತಿರ ತಂದ. ಶಾಸ್ತ್ರಿಗಳ ಮಂತ್ರ ಒಮ್ಮೆ ಕೇಳಿಸಿ ಒಮ್ಮೆ ತುಂಡಾಗುತ್ತಿತ್ತು.

"ಮಾಸ್ಕ್ ಯಾಕೋ ಹಾಕಿದಾರೆ?" ಎಂದಳು ವತ್ಸಲಾ. "ದಿವೂ, ತೆಗ್ಸೋ ಅದನ್ನ."

"ಇಲ್ಲಿ ರೂಲ್ಸು ಅಕ್ಕ."

"ಸತ್ತೋರಿಗೂನಾ?"

"ಫಾರಿನ್ ಅಲ್ವೇನಮ್ಮ," ಎಂದ ನಂಜುಂಡಸ್ವಾಮಿ. "ಅಲ್ಲಿ ಶಿಸ್ತು. ನಮ್ ಥರ ಅಲ್ಲ. ನೋಡು, ಎಷ್ಟು ನೀಟಾಗಿ ಮಲಗಿಸಿದಾರೆ."

"ಒಂದ್ಸಲ ಕೆಳಗೆ ಎಳೆಯೋ. ಒಂದೇ ಒಂದ್ಸಲ. ಮೂಗುಬೊಟ್ಟು ಕಾಣ್ಲಿ. ಅಮ್ಮನೇನೋ ಅದು? ಆಸ್ಪತ್ರೇಲಿ ಅದಲುಬದಲು ಮಾಡ್ತಾರಂತಲ್ಲೋ, ಪೇಪರಲ್ಲಿ ಬಂದಿತ್ತು. ನೀನು ಸರಿಯಾಗಿ ನೋಡಿದೀಯಾ?"

"ಅಮ್ಮನೇ ಅಕ್ಕ."

"ನಂಗೆ ಗೊತ್ತಾಗ್ತಿಲ್ವಲ್ಲೋ."

ಮಾಸ್ಕು ಒಂದು ಬದಿಗೆ ಸರಿಯುತ್ತಿತ್ತು. ದಿವಾಕರ ಕ್ಯಾಮೆರಾಕ್ಕೆ ಬೆನ್ನು ಕೊಟ್ಟು ಬಗ್ಗಿ, ಅದರ ಮೇಲಂಚಿನ ತಂತಿಯನ್ನು ತಾಯಿಯ ಮೂಗಿನ ಮೇಲೆ ಎರಡು ಬೆರಳಿನಿಂದ ಒತ್ತಿ ಕೂರಿಸಿದ. ತಿರುಗಿದಾಗ ಪೃಥ್ವಿ ಅಕ್ಕನ ಚೌಕವನ್ನು ದೊಡ್ಡದು ಮಾಡಿದ್ದ. ಅವಳ ಹಿಂದಿನಿಂದ ಯಾರೋ ನೀರಿನ ಲೋಟ ಚಾಚಿದರು. ಅವಳು ತೆಗೆದುಕೊಳ್ಳಲಿಲ್ಲ. ಫೋನನ್ನು ಮುಖದ ಹತ್ತಿರಕ್ಕೆ, ಇನ್ನೂ ಹತ್ತಿರಕ್ಕೆ ತಂದುಕೊಂಡಳು. ಹಣೆ ಹೋಯಿತು, ಬಾಯಿ ಹೋಯಿತು. ಇಡೀ ಗೋಡೆಯ ತುಂಬ ಅವಳ ಒಂದು ಕಣ್ಣು ಅಲುಗಾಡುತ್ತ ಹುಡುಕುತ್ತಿತ್ತು.